ಉಪ್ಪಿನ ಡಬ್ಬಿ ದಾಟಿದ ಗೋಲು

ಸಿರಿಲ್ ಒಗ್ಡೆನ್ ಆ ಗೋಲನ್ನು ಯಾಮಿನಿಯ ಅಡುಗೆಮನೆಯಲ್ಲಿ ಮೊದಲ ಸಲ ಹೊಡೆದಾಗ ಅವನಿಗೆ ಅಡ್ಡ ನಿಂತಿದ್ದದ್ದು ಒಂದೇ ಒಂದು ಉಪ್ಪಿನ ಡಬ್ಬಿ. ಅದು ಜೂನ್ ತಿಂಗಳು, ಭೂಮಿಯ ದಕ್ಷಿಣ ತುದಿಯ ಅಪ್ಪರ್ ಹಟ್ ಊರಿನಲ್ಲಿ ಚಳಿಗಾಲ, ಬೆಳಗಾದರೆ ಹುಲ್ಲೆಲ್ಲ ಹಿಮ ಹಿಡಿದು ಬೆಳ್ಳಗೆ ಸೆಟೆದು ನಿಲ್ಲುವ ಕಾಲ. ಆಗಸ್ಟ್ ಬರುವ ಹೊತ್ತಿಗೆ ಅದೇ ಗೋಲಿಗೆ ಸಾರಿನ ಪುಡಿ, ಮೆಂತ್ಯ, ಸಾಸಿವೆ, ಇಂಗು ಎಲ್ಲ ಸಾಲುಗಟ್ಟಿ ಅಡ್ಡ ನಿಂತು, ಒಂದೊಂದಾಗಿ ಸೋತು, ಕೊನೆಗೆ ಹಿತ್ತಾಳೆಯ ಕಾಫಿ ಫಿಲ್ಟರ್ ಕೂಡ ಮಾನ ಕಳೆದುಕೊಂಡಿತ್ತು.

ಸಿರಿಲ್ ಪಕ್ಕದ ಮನೆಯ ಮುದುಕ. ಎಂಬತ್ತು ದಾಟಿದವನು, ಕಡ್ಡಿಯಂತೆ ತೆಳ್ಳಗಿದ್ದವನು. ಹೆಂಡತಿ ಡೊರೀನ್ ತೀರಿಕೊಂಡ ಮೇಲೆ ಅವನ ಹಿತ್ತಿಲಲ್ಲಿ ಉಳಿದದ್ದು ಒಂದು ನಿಂಬೆ ಗಿಡ, ಒಂದು ಮಡಿಸುವ ಕುರ್ಚಿ. ಆ ಕುರ್ಚಿಯನ್ನು ಶನಿವಾರ ಶನಿವಾರ ಹೊತ್ತುಕೊಂಡು ಹೋಗಿ ಊರಿನ ಫುಟ್‌ಬಾಲ್ ಮೈದಾನದ ಎಡಗೆರೆಯ ಪಕ್ಕ ಹಾಕಿಕೊಂಡು ಕೂರುವುದು, ಆಡುವ ಹುಡುಗರಿಗೆ "ಗೆರೆ ಬಿಡಬೇಡ್ರೋ" ಎಂದು ಕೂಗುವುದು, ಇದು ಅವನ ವಾರದ ಪೂಜೆ. ಏಕೆಂದರೆ ಅವನು ಪ್ರಾಯದಲ್ಲಿ ಇಂಗ್ಲೆಂಡಿನಲ್ಲಿ ಸಂಬಳಕ್ಕೆ ಆಡಿದ ವಿಂಗರ್. ವಿಂಗರ್ ಅಂದರೆ ಮೈದಾನದ ಅಂಚು ಹಿಡಿದು ಓಡುವವನು, ಎದುರಾಳಿಯನ್ನು ತಪ್ಪಿಸಿಕೊಂಡು ಹೋಗಿ ಚೆಂಡನ್ನು ಗೋಲಿನ ಮುಂದಕ್ಕೆ ಕಳಿಸುವವನು. ಯಾಮಿನಿ ಅದನ್ನು ತನಗೆ ತಾನೇ ಬೇರೆ ತರಹ ಅರ್ಥ ಮಾಡಿಕೊಂಡಿದ್ದಳು. ರಾಜ್ಯದ ನಡುಬೀದಿಯಲ್ಲಿ ಎಲ್ಲರೂ ಕಾದಾಡುತ್ತಿದ್ದರೆ, ಕೋಟೆಯ ಗೋಡೆಗುಂಟ ಒಬ್ಬನೇ ಕುದುರೆ ಬಿಟ್ಟುಕೊಂಡು ಹೋಗುವ ಕಿರಿಯ ರಾಜಕುಮಾರ.

ಅವಳು ಹಾಗೇ. ಮೈಸೂರಿನ ಹುಡುಗಿ, ಇದೇ ದೇಶದ ಪಾಮರ್ಸ್ಟನ್ ನಾರ್ತ್ ಊರಿನಲ್ಲಿ ಆಹಾರ ವಿಜ್ಞಾನ ಓದಿ ಈಗ ಹಾಲಿನ ಪುಡಿ ಪರೀಕ್ಷಿಸುವ ಲ್ಯಾಬಿನಲ್ಲಿ ಕೆಲಸ. ಪರೀಕ್ಷಾ ನಳಿಕೆ ಹಿಡಿದು ನಿಂತಾಗಲೂ ತಲೆಯೊಳಗೆ ಅಜ್ಜಿಯ ಕಥೆಯ ಯಾವುದಾದರೊಂದು ಕುದುರೆ ಓಡುತ್ತಲೇ ಇರುತ್ತಿತ್ತು. ಆ ಅಜ್ಜಿ, ಜಯಮ್ಮ, ಈ ಚಳಿಗಾಲಕ್ಕೆ ಸಂದರ್ಶಕರ ವೀಸಾದ ಮೇಲೆ ಬಂದಿದ್ದಳು. ಇಂಗ್ಲಿಷು ಬಾರದು. ಬಾರದು ಅನ್ನುವುದರ ಬಗ್ಗೆ ಅವಳಿಗೆ ಎಳ್ಳಷ್ಟೂ ಬೇಸರವಿರಲಿಲ್ಲ, ಊರಿನವರಿಗೆ ಕನ್ನಡ ಬಾರದಲ್ಲ ಎಂದು ಒಂದಿಷ್ಟು ಮರುಕವಿತ್ತು.

ಸಿರಿಲ್ ಒಂದು ಭಾನುವಾರ ಬುಟ್ಟಿ ತುಂಬ ನಿಂಬೆಹಣ್ಣು ತಂದುಕೊಟ್ಟ. ಅಜ್ಜಿ ಬರಿಗೈಯಲ್ಲಿ ಕಳಿಸುವವಳಲ್ಲ. ಕೂರಿಸಿ ಉಪ್ಪಿಟ್ಟು ಕೊಟ್ಟಳು, ಫಿಲ್ಟರ್ ಕಾಫಿ ಕೊಟ್ಟಳು, ಮೇಲೆ ನಿಪ್ಪಟ್ಟು ಇಟ್ಟಳು. ತಿಂದವನು ಸುಮ್ಮನೆ ಎದ್ದು ಹೋಗಬಾರದಲ್ಲ ಎನ್ನುವಂತೆ ಒಂದು ನಿಂಬೆಹಣ್ಣು ತೆಗೆದು ಟೇಬಲ್ ಮೇಲಿಟ್ಟ, ಆ ಕೊನೆಗೆ ಸ್ಟೀಲ್ ಲೋಟವನ್ನು ಅಡ್ಡ ಮಲಗಿಸಿದ. ಇದು ಚೆಂಡು, ಅದು ಗೋಲು. ಮಧ್ಯಕ್ಕೆ ಉಪ್ಪಿನ ಡಬ್ಬಿ ಎಳೆದ. ಇವನು ಎದುರಾಳಿ ತಂಡದ ಬ್ಯಾಕ್, ವಿಂಗರನನ್ನು ತಡೆಯುವುದೇ ಅವನ ಉದ್ಯೋಗ.

ಯಾಮಿನಿ ಕನ್ನಡಕ್ಕೆ ತಿರುಗಿಸಿ ಹೇಳುತ್ತ ಹೋದಳು. ಅಜ್ಜಿ ಅಕ್ಕಿ ಆರಿಸುತ್ತ "ಹ್ಞೂಂ" ಎಂದಳು.

ಇಲ್ಲಿ ಒಂದು ಮಾತು. ಜಯಮ್ಮನ ಮನೆಯಲ್ಲಿ ಕಥೆ ಹೇಳುವವರಿಗಿಂತ ಕೇಳುವವರಿಗೆ ಹೆಚ್ಚು ಕೆಲಸ. ಒಂದೊಂದು ಮಾತಿಗೂ ಹ್ಞೂಂ ಅನ್ನಬೇಕು. ಅನ್ನದಿದ್ದರೆ ಕಥೆಯೊಳಗಿನ ರಾಜಕುಮಾರ ಮುಂದಿನ ಹೆಜ್ಜೆ ಇಡಲಾರ, ಕಾಡಿನಲ್ಲೇ ನಿಂತುಬಿಡುತ್ತಾನೆ, ಹುಲಿ ಬಂದರೂ ನಿಂತೇ ಇರುತ್ತಾನೆ. ಚಿಕ್ಕಂದಿನಲ್ಲಿ ಯಾಮಿನಿ ಹ್ಞೂಂ ಅನ್ನುತ್ತ ಅನ್ನುತ್ತ ನಿದ್ದೆ ಹೋಗಿ, ಬೆಳಿಗ್ಗೆ ಎದ್ದು ಎಷ್ಟೋ ರಾಜಕುಮಾರರು ತನ್ನಿಂದಾಗಿ ಕಾಡಿನಲ್ಲೇ ಉಳಿದರಲ್ಲ ಎಂದು ಅತ್ತದ್ದುಂಟು.

ಸಿರಿಲ್‌ಗೆ ಈ ಪದ್ಧತಿ ಎಲ್ಲಿ ಗೊತ್ತು. ಅವನ ಬಾಳಿನಲ್ಲಿ ಅವನ ಕಥೆಗೆ ಯಾರೂ ಹ್ಞೂಂ ಅಂದಿರಲಿಲ್ಲ. ಡೊರೀನ್ ಅಂತೂ ಅವನು ಬಾಯಿ ತೆರೆದ ಕೂಡಲೇ ರೇಡಿಯೋ ಜೋರು ಮಾಡುತ್ತಿದ್ದಳಂತೆ. ಈಗ ಒಬ್ಬ ಹೆಂಗಸು, ಅದೂ ದೇವಸ್ಥಾನದ ಮುಂದಿನ ಕಲ್ಲಿನಂತೆ ಗಟ್ಟಿಯಾಗಿ ಕೂತ ಹೆಂಗಸು, ತಾನು ಉಸಿರು ತೆಗೆದುಕೊಂಡಲ್ಲೆಲ್ಲ ಹ್ಞೂಂ ಅನ್ನುತ್ತಿದ್ದಾಳೆ. ಮುದುಕನ ಕಿವಿ ಕೆಂಪಾಯಿತು. ಮುಂದಿನ ಭಾನುವಾರ ನಿಂಬೆಹಣ್ಣು ಇರಲಿಲ್ಲ, ಮುದುಕ ಮಾತ್ರ ಬಂದ. ಅದರ ಮುಂದಿನ ಭಾನುವಾರವೂ ಬಂದ.

ಹಾಗೆ ಭಾನುವಾರಕ್ಕೊಂದು ತುಂಡಿನಂತೆ ಅವನ ಬದುಕು ಟೇಬಲ್ ಮೇಲೆ ಬಂತು. ಇಂಗ್ಲೆಂಡಿನ ಉತ್ತರದಲ್ಲಿ ಕ್ರಾಗ್‌ಡೇಲ್ ಎಂಬ ಕಲ್ಲಿದ್ದಲ ಊರು. ಅಪ್ಪ, ಅಣ್ಣ ಎಲ್ಲ ನೆಲದೊಳಗಿಳಿದು ಕೆಲಸ ಮಾಡುವವರು. ("ಪಾತಾಳ ಲೋಕ, ಅಜ್ಜಿ," ಎಂದಳು ಯಾಮಿನಿ. "ಹ್ಞೂಂ.") ಕಿರಿಯವನು ಸಿರಿಲ್ ಮಾತ್ರ ಬೆಳಕಿನಲ್ಲಿ ಓಡಬೇಕೆಂದು ಹಟ ಹಿಡಿದು ಕ್ರಾಗ್‌ಡೇಲ್ ರೋವರ್ಸ್ ಎಂಬ ಮೂರನೇ ದರ್ಜೆಯ ಕ್ಲಬ್ಬಿಗೆ ಸೇರಿದ. ಮೊದಲು ಕೊಟ್ಟ ಕೆಲಸ ದೊಡ್ಡ ಆಟಗಾರರ ಬೂಟು ತಿಕ್ಕುವುದು, ಗ್ಯಾಲರಿಯ ಕಂಬಗಳಿಗೆ ಬಣ್ಣ ಬಳಿಯುವುದು. ಆಮೇಲೆ ಸೈನ್ಯದಲ್ಲಿ ಕಡ್ಡಾಯದ ಎರಡು ವರ್ಷ. ಅಲ್ಲಿಂದ ಬಂದ ಮೇಲೆ ಹನ್ನೊಂದನೇ ನಂಬರಿನ ಅಂಗಿ. ಪಂದ್ಯದ ದಿನ ಬೂಟನ್ನು ಕಾಗದದಲ್ಲಿ ಸುತ್ತಿಕೊಂಡು, ತನ್ನನ್ನೇ ನೋಡಲು ಹೊರಟ ಜನರ ಜೊತೆ ಅದೇ ಬಸ್ಸಿನಲ್ಲಿ ನಿಂತುಕೊಂಡು ಹೋಗುವುದು. ಹಿಂದಿನ ವಾರ ಸೋತಿದ್ದರೆ ಕಂಡಕ್ಟರ್ ಕೂಡ ಬೈಯುತ್ತಿದ್ದನಂತೆ.

ಚೆಂಡು ದಪ್ಪ ತೊಗಲಿನದು. ಮಳೆ ಬಂದರೆ ನೆನೆದ ಬೂದುಗುಂಬಳದಷ್ಟು ಭಾರ. ಅದನ್ನು ಹಣೆಯಿಂದ ಹೊಡೆದರೆ ಹೊಲಿಗೆಯ ದಾರದ ಗುರುತು ಹಣೆಯ ಮೇಲೆ. ಬ್ಯಾಕ್‌ಗಳಂತೂ ಚೆಂಡಿಗಿಂತ ಕಾಲನ್ನೇ ಹೆಚ್ಚು ಒದೆಯುವವರು. ಎರಡು ಹಲ್ಲು ಒಂದು ಊರಿನಲ್ಲಿ ಬಿಟ್ಟುಬಂದ, ಮಂಡಿಯ ಚಿಪ್ಪಿನ ಒಂದು ಚೂರು ಇನ್ನೊಂದು ಊರಿನಲ್ಲಿ. ಓಟ ಕುಗ್ಗಿದಂತೆ ಅವನನ್ನು ಸಣ್ಣ ಕ್ಲಬ್ಬಿಗೆ, ಅಲ್ಲಿಂದ ಇನ್ನೂ ಸಣ್ಣ ಕ್ಲಬ್ಬಿಗೆ ಕಳಿಸಿದರು. ಕೊನೆಗೆ ಡೊರೀನ್‌ಳ ಕೈ ಹಿಡಿದು ಹಡಗು ಹತ್ತಿ ಇಲ್ಲಿಗೆ ಬಂದು, ಕಾರು ಜೋಡಿಸುವ ಕಾರ್ಖಾನೆಯಲ್ಲಿ ಬಾಗಿಲು ಕೂರಿಸುತ್ತ ನಿವೃತ್ತನಾದ. ದೇಶದ ಪರವಾಗಿ ಆಡಲಿಲ್ಲ, ಪದಕವಿಲ್ಲ, ಪಾರಿತೋಷಕವಿಲ್ಲ.

ಇದ್ದದ್ದು ಆ ಒಂದು ಗೋಲು. ಇಂಗ್ಲೆಂಡಿನಲ್ಲಿ ಕಪ್ ಪಂದ್ಯಗಳಿಗೆ ಚೀಟಿ ಎತ್ತುತ್ತಾರೆ. ಎಲ್ಲಿಯ ಸಣ್ಣ ಊರಿಗೆ ಎಲ್ಲಿಯ ದೊಡ್ಡ ತಂಡ ಬಂದು ಬೀಳುತ್ತದೋ ಹೇಳಲಾಗದು. ಒಂದು ಜನವರಿಯಲ್ಲಿ ಕ್ರಾಗ್‌ಡೇಲ್‌ನ ಕೆಸರಿಗೆ ಮೊದಲ ದರ್ಜೆಯ ಬೆಲ್ಚೆಸ್ಟರ್ ಸಿಟಿ ಬಂತು. ಆನೆ ಬಂದು ಇಲಿಯ ಬಿಲದ ಮುಂದೆ ನಿಂತ ಹಾಗೆ. ಆಟ ಮುಗಿಯಲು ಇನ್ನೇನು ಕೊಂಚ ಹೊತ್ತು ಇದೆ ಅನ್ನುವಾಗ ಎಡಗೆರೆಯ ಮೇಲೆ ಸಿರಿಲ್‌ಗೆ ಚೆಂಡು ಸಿಕ್ಕಿತು. ಅವನು ಬ್ಯಾಕನ್ನು ದಾಟಿದ, ಗೋಲು ಹೊಡೆದ, ಇಲಿ ಗೆದ್ದಿತು. ಬೆಲ್ಚೆಸ್ಟರ್‌ನವರು ತಲೆತಗ್ಗಿಸಿ ಊರಿಗೆ ಹೋದರು.

"ಒಬ್ಬನೇನಾ ಅಡ್ಡ ಬಂದಿದ್ದು?" ಎಂದು ಅಜ್ಜಿ ಕೇಳಿದ್ದಳು, ಮೊದಲ ದಿನ. ಅಷ್ಟು ದೊಡ್ಡ ಸೈನ್ಯದಲ್ಲಿ ಬರೀ ಒಬ್ಬನೇ ಕಾವಲಿಗೆ ಅಂದರೆ ಅವಳಿಗೆ ಸರಿಕಾಣಲಿಲ್ಲ. ಯಾಮಿನಿ ಪ್ರಶ್ನೆ ದಾಟಿಸಿದಳು. ಸಿರಿಲ್ ನಿಪ್ಪಟ್ಟು ಕಡಿದು ಯೋಚಿಸಿ, ಹಿಂದೆ ಇನ್ನೊಬ್ಬ ಇದ್ದ ಹಾಗೆ ನೆನಪು ಎಂದ. ಹಾಗೆ ಸಾರಿನ ಪುಡಿ ಆಟಕ್ಕಿಳಿಯಿತು. ಯಾಮಿನಿಯೂ ಸುಮ್ಮನಿರಲಿಲ್ಲ. ಸಿರಿಲ್ "ದಪ್ಪಗಿದ್ದ" ಅಂದರೆ ಅವಳ ಬಾಯಲ್ಲಿ ಅದು "ದೈತ್ಯನ ಹಾಗಿದ್ದ" ಆಗುತ್ತಿತ್ತು. ಅಜ್ಜಿ ಬೆರಗಾಗಿ ಹುಬ್ಬೇರಿಸಿದ್ದನ್ನು ನೋಡಿ ಸಿರಿಲ್ ಮುಂದಿನ ವಾರ ಅವನನ್ನು ನಿಜವಾಗಿಯೂ ದೈತ್ಯನನ್ನಾಗಿ ಮಾಡಿಕೊಂಡು ಬರುತ್ತಿದ್ದ. ಮೂವರೂ ಸೇರಿ ಆ ಗೋಲನ್ನು ಹುದುಗು ಹಾಕಿದ ಹಿಟ್ಟಿನ ಹಾಗೆ ಉಬ್ಬಿಸಿದರು. ಯಾರದೂ ಒಬ್ಬರದೇ ತಪ್ಪು ಅನ್ನುವಂತಿಲ್ಲ.

ಆಗಸ್ಟ್ ಕೊನೆಗೆ ಸಿರಿಲ್ ಹೊಸ ಸುದ್ದಿ ತಂದ. ಊರಿನ ಕ್ಲಬ್ಬಿನವರು ಮೈದಾನದ ಎಡಗೆರೆಯ ಪಕ್ಕ ಒಂದು ಮರದ ಬೆಂಚು ಹಾಕಿಸುತ್ತಿದ್ದಾರೆ. ಅದರ ಬೆನ್ನಿಗೆ ಅವನ ಹೆಸರು ಕೆತ್ತಿಸುತ್ತಾರೆ. ಆಟದ ಋತು ಮುಗಿಯುವ ಬಹುಮಾನ ವಿತರಣೆಯ ದಿನ ಅದರ ಮೇಲಿನ ಬಟ್ಟೆ ತೆಗೆಯುವುದು. ಹೆಸರಿನ ಕೆಳಗೆ ಒಂದು ಸಾಲು: ಬೆಲ್ಚೆಸ್ಟರ್ ವಿರುದ್ಧ ಗೋಲು ಹೊಡೆದವನು. ಆ ಸಾಲನ್ನು ಹೇಳುವಾಗ ಅವನು ಚಮಚ ಕೆಳಗಿಟ್ಟ. ಮಕ್ಕಳಿಲ್ಲ, ಡೊರೀನ್ ಇಲ್ಲ, ಕ್ರಾಗ್‌ಡೇಲ್ ರೋವರ್ಸ್ ಕ್ಲಬ್ಬು ಮುಚ್ಚಿಯೇ ಎಷ್ಟೋ ಕಾಲವಾಯಿತು. ತಾನು ಹೋದ ಮೇಲೆ ಯಾರಾದರೂ ಆ ಬೆಂಚಿನ ಮೇಲೆ ಕೂತು ಬೆನ್ನಿಗೆ ಏನೋ ಒತ್ತುತ್ತಿದೆಯಲ್ಲ ಎಂದು ತಿರುಗಿ ನೋಡಿದರೆ ಅಷ್ಟು ಸಾಕು ಎಂದ. ಅಜ್ಜಿಗೆ ಆ ಮಾತನ್ನು ಯಾಮಿನಿ ಒಂದಕ್ಷರ ಕೂಡಿಸದೆ ದಾಟಿಸಿದಳು.

ಅಷ್ಟಕ್ಕೇ ಬಿಟ್ಟಿದ್ದರೆ ಆಗುತ್ತಿತ್ತು. ಆದರೆ ಅಜ್ಜಿಯ ಕಥೆಗಳಲ್ಲಿ ಕಡೆಗೆ ತುಂಬಿದ ಸಭೆಗೆ ಒಬ್ಬ ಸಾಕ್ಷಿ ಬರುತ್ತಾನೆ. ಗಿಳಿಯೋ, ಆಲದ ಮರವೋ, ಯಾರೋ ಒಬ್ಬರು ನಡೆದದ್ದನ್ನು ನಡೆದ ಹಾಗೆ ಹೇಳಿ ರಾಜಕುಮಾರನ ಕೊರಳಿಗೆ ಹಾರ ಬೀಳುವ ಹಾಗೆ ಮಾಡುತ್ತಾರೆ. ಯಾಮಿನಿಗೆ ಸಾಕ್ಷಿ ಇಲ್ಲದ ಕಥೆ ಒಗ್ಗರಣೆ ಇಲ್ಲದ ಸಾರಿನ ಹಾಗೆ ಕಂಡಿತು. ಅವಳು ಪಾಮರ್ಸ್ಟನ್ ನಾರ್ತ್‌ನಲ್ಲಿ ತನ್ನ ಜೊತೆ ಓದಿ ಈಗಲೂ ಅಲ್ಲೇ ಇರುವ ಧಾರವಾಡದ ಕೇದಾರ್‌ಗೆ ಫೋನಿನಲ್ಲಿ ಈ ಗೋಲಿನ ಸುದ್ದಿ ಹೇಳಿಕೊಂಡಿದ್ದಳು. ಅವನು ಬೆಲ್ಚೆಸ್ಟರ್ ಎಂಬ ಹೆಸರು ಕೇಳಿದ್ದೇ ತಡೆದ.

"ಏ, ನಿಂದ್ರು. ನಮ್ಮ ಮನಿ ಮಾಲಕ ನಾರ್ಮನ್ ಅಜ್ಜ ಅದಾನಲ್ಲ, ಅಂವಾ ಅದ ಟೀಮಿನ್ಯಾಗ ಆಡಿದಾಂವ. ಗ್ವಾಡಿ ಮ್ಯಾಲ ಫೋಟೋ ಹಾಕ್ಯಾನ. ಬ್ಯಾಕ್ ಅಂತ."

ವಿಚಾರಿಸಿದರೆ ಅವನೇ. ನಾರ್ಮನ್ ಬ್ರಾಡ್‌ಬೆಂಟ್, ಬೆಲ್ಚೆಸ್ಟರ್ ಸಿಟಿಯ ಬ್ಯಾಕ್, ಆ ಜನವರಿಯಲ್ಲಿ ಆ ಕೆಸರಿನಲ್ಲಿ ಸಿರಿಲ್‌ಗೆ ಅಡ್ಡ ನಿಂತವನು. ಸಾಕ್ಷಾತ್ ಉಪ್ಪಿನ ಡಬ್ಬಿ. ಅವನೂ ಮಗನ ಬೆನ್ನು ಹತ್ತಿ ಇದೇ ದೇಶಕ್ಕೆ ಬಂದು ಎರಡು ತಾಸಿನ ದಾರಿಯಲ್ಲಿ ವರ್ಷಗಟ್ಟಲೆ ಇದ್ದಾನೆ, ಒಬ್ಬರಿಗೊಬ್ಬರಿಗೆ ಗೊತ್ತಿಲ್ಲ. ಯಾಮಿನಿಗೆ ಆ ದಿನ ಹಾಲಿನ ಪುಡಿಯಲ್ಲೂ ನಕ್ಷತ್ರ ಕಂಡವು. ಬಹುಮಾನ ವಿತರಣೆಗೆ ಕರೆದುಕೊಂಡು ಬಾ ಎಂದು ಕೇದಾರ್‌ಗೆ ಹೇಳಿದಳು. ಸಿರಿಲ್‌ಗೆ ಹೇಳಲಿಲ್ಲ. ಹಿಂದಿನ ದಿನ ಹೊಟ್ಟೆಯಲ್ಲಿ ಗುಟ್ಟು ನಿಲ್ಲದೆ ಹೇಳಿಬಿಟ್ಟಳು.

ಆ ವಾರ ಒಂದು ದಿನ ಮೊದಲೇ ಬಂದಿದ್ದ ಸಿರಿಲ್ ಆಗ ತಾನೇ ಡಬ್ಬಿಗಳನ್ನು ಸಾಲಾಗಿ ನಿಲ್ಲಿಸುತ್ತಿದ್ದ. ಕೈಯಲ್ಲಿದ್ದ ಸಾಸಿವೆ ಡಬ್ಬಿ ಹಾಗೇ ಗಾಳಿಯಲ್ಲಿ ನಿಂತಿತು.

"ನಾರ್ಮನ್ ಬದುಕಿದ್ದಾನಾ?" ಎಂದ.

ಬದುಕಿದ್ದಾರೆ, ನಾಳೆ ಬರುತ್ತಾರೆ, ಎಂದಳು ಯಾಮಿನಿ, ಹಾರ ಬೀಳುವುದನ್ನು ಕಾಯುವವಳ ಹಾಗೆ.

"ಅವನ ನೆನಪಿನ ಶಕ್ತಿ ಹೇಗಿದೆಯಂತೆ?"

ತುಂಬ ಚೆನ್ನಾಗಿದೆಯಂತೆ, ಒಂದೂ ಮರೆತಿಲ್ಲವಂತೆ. ಇದನ್ನು ಕೇಳಿ ಸಿರಿಲ್ ಸಾಸಿವೆ ಡಬ್ಬಿಯನ್ನು ಎಲ್ಲಿಂದ ತೆಗೆದಿದ್ದನೋ ಅಲ್ಲೇ ಇಟ್ಟ. ಗೋಲು ಹೊಡೆಯದೆ, ಕಾಫಿ ಕುಡಿಯದೆ, ಮಂಡಿ ನೋಯುತ್ತಿದೆ ಎಂದು ಬೇಲಿಯ ಗೇಟು ದಾಟಿ ಹೋದ. ನಿಂಬೆಹಣ್ಣು ಟೇಬಲ್ ಮೇಲೆ ಒಂಟಿಯಾಗಿ ಉಳಿಯಿತು.

"ಏನಾಯ್ತೇ ಸಿರಿಲಪ್ಪಂಗೆ?" ಎಂದಳು ಅಜ್ಜಿ.

ಯಾಮಿನಿ ಹೇಳಿದಳು. ಅಜ್ಜಿ ಕೇಳಿ, ಕೈ ಒರೆಸಿಕೊಂಡು ಬಂದು, ನಿಂಬೆಹಣ್ಣನ್ನು ತಾನೇ ಉರುಳಿಸಿದಳು. ಅದು ಹೋಗಿ ಉಪ್ಪಿನ ಡಬ್ಬಿಗೆ ತಾಗಿ, ಓರೆಯಾಗಿ ತಿರುಗಿ, ಲೋಟದೊಳಕ್ಕೆ ಹೋಯಿತು.

"ಮೊದಲನೇ ದಿನ ಹೀಗೇ ಹೋಯ್ತು ಕಣೆ. ನೀನು ಆಗ ಹಾಲು ಉಕ್ಕತ್ತೆ ಅಂತ ಒಲೆ ಕಡೆ ತಿರುಗಿದ್ದೆ. ಅವನು ಬೇಗ ಅದನ್ನ ವಾಪಸ್ ತಗೊಂಡು, ಡಬ್ಬಿಗೆ ತಾಗದ ಹಾಗೆ ಇನ್ನೊಂದ್ಸಲ ಕಳಿಸಿದ. ಅವತ್ತಿಂದ ನೋಡ್ತಾನೇ ಇದೀನಿ, ಪ್ರತಿ ಸಲವೂ ಉಪ್ಪಿನ ಡಬ್ಬಿ ಹತ್ರ ಬಂದಾಗ ಅವನ ಬೆರಳು ಒಂಚೂರು ನಡುಗತ್ತೆ. ಕೈ ಸುಳ್ಳು ಹೇಳಲ್ಲ. ಚೆಂಡು ಆ ದಪ್ಪಗಿನವನಿಗೆ ತಾಗೇ ಒಳಗೆ ಹೋಗಿರೋದು."

ಅಂದರೆ ಗೋಲು ಸಿರಿಲ್‌ನದಲ್ಲ. ಅವನು ಕಳಿಸಿದ ಚೆಂಡು ನಾರ್ಮನ್‌ನ ಮೈಗೆ ಬಡಿದು ಅವನದೇ ತಂಡದ ಗೋಲಿನೊಳಗೆ ಬಿದ್ದಿದೆ. ಕೆಸರು, ಗದ್ದಲ, ಮಬ್ಬು ಬೆಳಕು, ಯಾರೂ ಸರಿಯಾಗಿ ನೋಡಿಲ್ಲ. ಪೇಪರಿನವರು ವಿಂಗರನ ಹೆಸರು ಬರೆದರು, ವಿಂಗರ್ ಸುಮ್ಮನಿದ್ದ. ನೋಡಿದವರು ಇಬ್ಬರೇ, ಹೊಡೆದವನು ಮತ್ತು ಹೊಡೆಸಿಕೊಂಡವನು. ಆ ಹೊಡೆಸಿಕೊಂಡವನನ್ನು ಹುಡುಕಿ, ಟೈ ಕಟ್ಟಿಸಿ, ಬೆಂಚಿನ ಬಟ್ಟೆ ತೆಗೆಯುವ ಹೊತ್ತಿಗೆ ಸರಿಯಾಗಿ ಯಾಮಿನಿ ಕರೆಸಿದ್ದಾಳೆ.

"ಗೊತ್ತಿದ್ದೂ ಯಾಕೆ ಹ್ಞೂಂ ಅಂತಿದ್ದೆ ಅಜ್ಜಿ?" ಎಂದಳು ಅವಳು, ಅಳು ಬರುವ ದನಿಯಲ್ಲಿ.

"ಹ್ಞೂಂ ಅಂದ್ರೆ ನಿಜ ಅಂತಲಾ? ಆಮೇಲೇನಾಯ್ತು ಹೇಳು ಅಂತ." ಅಜ್ಜಿ ನಿಂಬೆಹಣ್ಣು ಎತ್ತಿಕೊಂಡು ಚಿತ್ರಾನ್ನಕ್ಕೆ ಕತ್ತರಿಸಲು ಹೋದಳು.

ಮರುದಿನ ಬೆಳಿಗ್ಗೆ ಯಾಮಿನಿ ಕೇದಾರ್‌ಗೆ ಫೋನ್ ಮಾಡಿ ನಾರ್ಮನ್ ಅಜ್ಜನನ್ನು ಕರೆತರಬೇಡ ಎಂದು ಬೇಡಿಕೊಂಡಳು. ಜ್ವರ ಅನ್ನು, ಕಾರು ಕೆಟ್ಟಿದೆ ಅನ್ನು.

"ಅರ್ಧ ದಾರಿ ಮುಗದದ, ಲೆವಿನ್ ಊರು ದಾಟೀವಿ," ಎಂದ ಕೇದಾರ್. "ಇಲ್ಲೇ ನನ್ನ ಬಾಜೂಕ ಕುಂತಾನ. ನಸುಕಿನ್ಯಾಗ ಎದ್ದು ಟೈ ಕಟ್ಕೊಂಡು ಬಾಗಿಲಾಗ ನಿಂತಿದ್ದ. ಈಗ ಬ್ಯಾಡ ಅಂದ್ರ ನನ್ನ ಇಳಿಸಿ ತಾನ ಗಾಡಿ ಓಡಸ್ಕೊಂಡ್ ಬರ್ತಾನ."

ಕ್ಲಬ್ಬಿನ ಹಾಲ್‌ನಲ್ಲಿ ಮಕ್ಕಳು ಸಾಸೇಜ್ ರೋಲ್ ತಿನ್ನುತ್ತ ಓಡಾಡುತ್ತಿದ್ದರು. ಬಂದವರೆಲ್ಲ ಒಂದೊಂದು ತಟ್ಟೆ ತಿಂಡಿ ತರುವುದು ಇಲ್ಲಿನ ರೂಢಿ. ಅಜ್ಜಿ ನಿಪ್ಪಟ್ಟಿನ ಜೊತೆ ಚಿತ್ರಾನ್ನವನ್ನೂ ಹೊತ್ತು ತಂದಿದ್ದಳು. ಕಿಟಕಿಯಾಚೆ ಎಡಗೆರೆಯ ಪಕ್ಕ ಬೆಂಚು, ಅದರ ಮೇಲೆ ಚೌಕಳಿಯ ಟೇಬಲ್ ಬಟ್ಟೆ, ವಸಂತದ ಗಾಳಿಗೆ ಅದು ಎದ್ದು ಎದ್ದು ಬೀಳುತ್ತಿತ್ತು. ಗಾಳಿಯೇ ಎಳೆದುಬಿಟ್ಟರೆ ವಾಸಿ ಎಂದುಕೊಂಡಳು ಯಾಮಿನಿ. ಸಿರಿಲ್ ಮೂಲೆಯ ಕುರ್ಚಿಯಲ್ಲಿ ಮುಖದ ಬಣ್ಣಗೆಟ್ಟು ಕೂತಿದ್ದ. ಬಾಗಿಲು ತುಂಬುವಂಥ ಒಬ್ಬ ಮುದುಕ ಕೇದಾರ್‌ನ ತೋಳು ಹಿಡಿದು ಕುಂಟುತ್ತ ಒಳಗೆ ಬಂದ. ಕೈ ಎರಡೂ ಸಲಿಕೆಯಷ್ಟಗಲ. ಸಿರಿಲ್ ಎದ್ದು ನಿಂತ. ಇಬ್ಬರೂ ಕೈ ಕುಲುಕಿದರು. ನಾರ್ಮನ್ ಹೋಗಿ ಮೊದಲ ಸಾಲಿನಲ್ಲಿ, ಅಜ್ಜಿಯ ಪಕ್ಕದ ಕುರ್ಚಿಯಲ್ಲಿ ಕೂತ. ಅಜ್ಜಿ ಅವನನ್ನು ಮೇಲಿನಿಂದ ಕೆಳಗಿನವರೆಗೆ ನೋಡಿ, ಯಾಮಿನಿಯ ಕಿವಿಯಲ್ಲಿ, "ಡಬ್ಬಿ ಸರಿಯಾಗೇ ಆರಿಸಿದ್ದಾನೆ," ಎಂದಳು.

ಮಕ್ಕಳ ಬಹುಮಾನ ಮುಗಿಯಿತು. ಕ್ಲಬ್ಬಿನ ಅಧ್ಯಕ್ಷ ಗ್ರೇಮ್ ಬಂದು, ಬೆಂಚಿನ ಹತ್ತಿರ ಹೋಗುವ ಮೊದಲು ಆ ಗೋಲಿನ ಕಥೆ ಸಿರಿಲ್ ಬಾಯಿಂದಲೇ ಆಗಲಿ, ಈ ಸಲ ನೋಡಿದವರೊಬ್ಬರು ನಮ್ಮ ನಡುವೆ ಇದ್ದಾರೆ, ಎಂದು ಚಪ್ಪಾಳೆ ತಟ್ಟಿಸಿದ. ಯಾಮಿನಿಗೆ ಕುರ್ಚಿಯ ಕೆಳಗೆ ಹೋಗಿ ಬಚ್ಚಿಟ್ಟುಕೊಳ್ಳಬೇಕೆನಿಸಿತು.

ಸಿರಿಲ್ ಶುರು ಮಾಡಿದ. ಜನವರಿ, ಕೆಸರು, ಬೆಲ್ಚೆಸ್ಟರ್. ಎಡಗೆರೆಯ ಮೇಲೆ ತನಗೆ ಚೆಂಡು ಬಂತು ಎಂದ. ಅಲ್ಲಿ ಅವನ ಕಣ್ಣು ನಾರ್ಮನ್ ಮೇಲೆ ಬಿತ್ತು. ಮಾತು ನಿಂತಿತು.

ಹಾಲ್‌ನಲ್ಲಿ ಯಾರೋ ಕೆಮ್ಮಿದರು. ಒಂದು ಮಗು ಜ್ಯೂಸ್ ಎಲ್ಲಿ ಎಂದು ಕೇಳಿತು. ಸಿರಿಲ್ ನಿಂತೇ ಇದ್ದ, ಚೆಂಡು ಕಾಲಡಿಯಲ್ಲಿಟ್ಟುಕೊಂಡು, ಗೆರೆಯ ಮೇಲೆ, ಎಂಬತ್ತು ದಾಟಿದ ರಾಜಕುಮಾರ. ಯಾಮಿನಿ ಕಾಡನ್ನು ನೋಡಿದಳು. ಹುಲಿಯನ್ನೂ ನೋಡಿದಳು, ಅದು ಟೈ ಕಟ್ಟಿಕೊಂಡು ಮೊದಲ ಸಾಲಿನಲ್ಲಿ ಕೂತಿತ್ತು.

"ಹ್ಞೂಂ," ಎಂದಳು ಜಯಮ್ಮ.

ಗಟ್ಟಿಯಾಗಿ, ಹಾಲ್‌ನ ಹಿಂದಿನ ಗೋಡೆಗೆ ಹೋಗಿ ಬಡಿಯುವ ಹಾಗೆ. ತಲೆಗಳೆಲ್ಲ ಅವಳತ್ತ ತಿರುಗಿದವು. ಅವಳು ಯಾರನ್ನೂ ನೋಡಲಿಲ್ಲ. ಅವಳ ಕಣ್ಣು ಸಿರಿಲ್ ಮೇಲಿತ್ತು.

"ಚೆಂಡು ಬಂತು," ಎಂದ ಮತ್ತೆ. "ನಾನು ಹೊರಟೆ."

"ಹ್ಞೂಂ."

ಈ ಸಲ ಅಜ್ಜಿಯ ಜೊತೆ ಯಾಮಿನಿಯೂ ಅಂದಳು, ಹಿಂದಿನಿಂದ ಕೇದಾರ್‌ನ ಹ್ಞೂಂ ಬಂತು. ಮಕ್ಕಳಿಗೆ ಆಟ ಸಿಕ್ಕಿತು. ಮೂರನೇ ಹ್ಞೂಂ ಹೊತ್ತಿಗೆ ಅರ್ಧ ಹಾಲ್ ಅನ್ನುತ್ತಿತ್ತು. ಸಿರಿಲ್‌ನ ಬೆನ್ನು ನೆಟ್ಟಗಾಯಿತು. ಗೆರೆಯ ಮೇಲೆ ಓಡಿದ, ಸಾರಿನ ಪುಡಿಯನ್ನು ದಾಟಿದ, ಸಾಸಿವೆಯನ್ನು ಎಡಕ್ಕೆ ವಾಲಿಸಿ ಬಲಕ್ಕೆ ನುಸುಳಿದ. ಆದರೆ ಎಷ್ಟು ಸುತ್ತು ಹಾಕಿದರೂ ಕಡೆಗೆ ಉಪ್ಪಿನ ಡಬ್ಬಿಯ ಹತ್ತಿರ ಬರಲೇಬೇಕಲ್ಲ. ಬಂದ. ಅವನ ಬಲಗೈ ಬೆರಳು ನಡುಗಿದ್ದು ಯಾಮಿನಿಗೆ ಈಗ ಕಂಡಿತು.

"ಆಮೇಲೆ ನಾನು ನಾರ್ಮನ್‌ನನ್ನು ದಾಟಿದೆ," ಎಂದ ಸಿರಿಲ್, ತಗ್ಗಿದ ದನಿಯಲ್ಲಿ.

"ಇಲ್ಲ," ಎಂದ ನಾರ್ಮನ್.

ಕುರ್ಚಿಯ ಕೈ ಹಿಡಿದು, ಮಂಡಿ ಲಟಕ್ಕೆನ್ನಿಸಿ, ಎದ್ದು ನಿಂತ. ಹಾಲ್‌ನಲ್ಲಿ ನಿಪ್ಪಟ್ಟು ಕಡಿಯುವ ಸದ್ದೂ ನಿಂತಿತು.

"ಅವನು ಹೇಳಿದ ಹಾಗಲ್ಲ ನಡೆದದ್ದು. ಅವನು ನಾಚಿಕೆಯ ಮನುಷ್ಯ, ಕಡಿಮೆ ಮಾಡಿ ಹೇಳುತ್ತಿದ್ದಾನೆ. ಒಂದು ಸಲ ದಾಟಿ, ನಾನು ತಿರುಗುವುದನ್ನು ಕಾದು, ಇನ್ನೊಂದು ಸಲ ದಾಟಿದ."

ನಾರ್ಮನ್ ಕುಂಟುತ್ತ ಮುಂದೆ ಬಂದು ಸಭೆಗೆ ತಿರುಗಿದ. ಇಂಥ ಓಟ ತಾನು ಇಂಗ್ಲೆಂಡಿನಲ್ಲಿ ಮತ್ತೆ ನೋಡಲಿಲ್ಲ ಎಂದ. ಗಾಳಿ ಬೀಸಿದ್ದು ಗೊತ್ತಾಯಿತೇ ಹೊರತು ಮನುಷ್ಯ ಹೋದದ್ದು ಕಾಣಲಿಲ್ಲ ಎಂದ. ನಡುವೆ ಒಮ್ಮೆ ನಿಂತು ಅಜ್ಜಿಯತ್ತ ನೋಡಿದ. ಅಜ್ಜಿ ಹ್ಞೂಂ ಅಂದಳು. ಅವನಿಗೂ ಅದರ ರುಚಿ ಹತ್ತಿತು. ಅಷ್ಟರಲ್ಲಿ ಸಿರಿಲ್‌ಗೆ ದನಿ ಬಂದು, ನಾರ್ಮನ್‌ನಂಥ ಗಟ್ಟಿ ಬ್ಯಾಕನ್ನು ತಾನು ಬೇರೆಲ್ಲೂ ಎದುರಿಸಲಿಲ್ಲ ಎಂದ. ಅವನು ಇವನನ್ನು ಹೊಗಳುವುದು, ಇವನು ಅವನನ್ನು ಹೊಗಳುವುದು. ಒಬ್ಬ ಕೆಸರನ್ನು ಮಂಡಿಯವರೆಗೆ ಏರಿಸಿದರೆ ಇನ್ನೊಬ್ಬ ಅದಕ್ಕೆ ಆಲಿಕಲ್ಲು ಸುರಿಸಿದ. ಗ್ರೇಮ್ ಗಡಿಯಾರ ನೋಡಿಕೊಂಡು ಎಲ್ಲರನ್ನೂ ಬೆಂಚಿನ ಹತ್ತಿರ ಕರೆದುಕೊಂಡು ಹೋಗುವ ಹೊತ್ತಿಗೆ ಆ ಗೋಲಿನಲ್ಲಿ ಬೆಲ್ಚೆಸ್ಟರ್‌ನ ಹನ್ನೊಂದೂ ಮಂದಿ ನೆಲ ಕಚ್ಚಿದ್ದರು, ರೆಫರಿ ಬೇರೆ.

ಬಟ್ಟೆ ತೆಗೆದರು. ಹೆಸರು, ಕೆಳಗೆ ಆ ಸಾಲು. ಸಿರಿಲ್ ಬೆರಳಿನಿಂದ ಅಕ್ಷರಗಳನ್ನು ಮುಟ್ಟಿ ನೋಡಿದ. ನಾರ್ಮನ್ ಬೆಂಚಿನ ಮೇಲೆ ಮೊದಲು ಕೂತವನು ತಾನೇ ಆಗಬೇಕೆಂದು ಕೂತ.

ಚಹದ ಹೊತ್ತಿಗೆ ಯಾಮಿನಿ ಖಾಲಿ ತಟ್ಟೆ ಹಿಡಿದು ಕ್ಲಬ್ಬಿನ ಅಡುಗೆಕೋಣೆಗೆ ಹೊರಟಳು. ಬಡಿಸುವ ಕಿಂಡಿಯ ಆಚೆ ಇಬ್ಬರು ಮುದುಕರ ದನಿ ಕೇಳಿ ಅಲ್ಲೇ ನಿಂತಳು. ಕದ್ದು ಕೇಳಬಾರದು ಎಂದು ಅಜ್ಜಿ ಕಲಿಸಿದ್ದಳು, ಆದರೆ ಅಜ್ಜಿಯ ಕಥೆಗಳಲ್ಲಿ ಕದ್ದು ಕೇಳಿದವರಿಗೇ ಕೆಲಸಕ್ಕೆ ಬರುವ ಸುದ್ದಿ ಸಿಗುವುದು.

"ನನ್ನ ಎಡಮಂಡಿ," ಎನ್ನುತ್ತಿದ್ದ ನಾರ್ಮನ್. "ಈಗಲೂ ಚಳಿ ಬಂದರೆ ಚೆಂಡು ತಾಗಿದ ಜಾಗ ಜುಮ್ಮೆನ್ನುತ್ತದೆ."

"ಹಾಗಾದರೆ ಯಾಕೆ ಹೇಳಲಿಲ್ಲ?"

"ನಿನಗೆ ಹುಚ್ಚಾ? ತನ್ನ ಗೋಲಿಗೆ ತಾನೇ ಹೊಡೆದುಕೊಂಡವನು ಅಂತ ಮಗ, ಮೊಮ್ಮಕ್ಕಳ ಮುಂದೆ ಅನ್ನಿಸಿಕೊಳ್ಳಲಾ? ಗಾಳಿಯ ಹಾಗೆ ಓಡುವವನೊಬ್ಬ ನನ್ನನ್ನು ದಾಟಿಹೋದ ಅಂತ ಮನೆಯಲ್ಲಿ ಹೇಳಿದ್ದೇನೆ. ನೀನು ಎಷ್ಟು ಓಡುತ್ತೀಯೋ ನನ್ನ ಮರ್ಯಾದೆ ಅಷ್ಟು. ನಿನ್ನನ್ನು ವರ್ಷ ವರ್ಷ ಸ್ವಲ್ಪ ಸ್ವಲ್ಪ ಜೋರು ಮಾಡಿಕೊಂಡು ಬಂದಿದ್ದೇನೆ."

ಚಹಕ್ಕೆ ಸಕ್ಕರೆ ಬಿದ್ದು ಚಮಚ ತಿರುಗಿದ ಸದ್ದು.

"ಇವತ್ತಿಗೆ ಕರೆದಿದ್ದಾರೆ ಅಂದಾಗಿನಿಂದ ನಿದ್ದೆ ಬರಲಿಲ್ಲ," ಎಂದ ನಾರ್ಮನ್. "ಬೆಂಚಿನ ಮುಂದೆ ನೀನು ಒಳ್ಳೆಯವನಾಗಿ ನಿಜ ಹೇಳಿಬಿಟ್ಟರೆ ನನ್ನ ಗತಿ ಏನು ಅಂತ. ಅದಕ್ಕೇ ಬೇಗ ಎದ್ದು ಬಂದೆ, ತಡೆಯೋದಕ್ಕೆ."

"ಅವತ್ತೂ ತಡೆಯೋದಕ್ಕೇ ಬಂದಿದ್ದೆ," ಎಂದ ಸಿರಿಲ್.

ಇಬ್ಬರೂ ನಗಲು ಶುರುಮಾಡಿದವರು ಕೆಮ್ಮಿನಲ್ಲಿ ಮುಗಿಸಿದರು. ಯಾಮಿನಿ ತಟ್ಟೆಯನ್ನು ಕಿಂಡಿಯ ಮೇಲೆ ಸದ್ದಾಗದಂತೆ ಇಟ್ಟು ವಾಪಸ್ ಬಂದಳು. ಸಾಕ್ಷಿ ಬಂದು ನಡೆದದ್ದನ್ನು ನಡೆದ ಹಾಗೆ ಹೇಳದೆ ಹಾರ ಹಾಕಿಸಿದ ಕಥೆಯನ್ನು ಅಜ್ಜಿ ಅವಳಿಗೆ ಹೇಳಿರಲಿಲ್ಲ.

ಮುಂದಿನ ಭಾನುವಾರ ಕೇದಾರ್‌ನ ಕಾರು ಮತ್ತೆ ಬಂತು. ನಾರ್ಮನ್‌ಗೆ ಅಪ್ಪರ್ ಹಟ್‌ನ ಹವಾ ಮಂಡಿಗೆ ಒಳ್ಳೆಯದಂತೆ. ನಿಪ್ಪಟ್ಟಿನ ಮಾತನ್ನು ಅವನು ಎತ್ತಲಿಲ್ಲ, ಆದರೆ ನಿಪ್ಪಟ್ಟಿನ ಡಬ್ಬಿಯ ಪಕ್ಕದಲ್ಲೇ ಹೋಗಿ ಕೂತ. ಸಿರಿಲ್ ಲೋಟ ಮಲಗಿಸಿದ, ಡಬ್ಬಿಗಳನ್ನು ಸಾಲಾಗಿ ನಿಲ್ಲಿಸಿದ, ಉಪ್ಪಿನ ಡಬ್ಬಿಯನ್ನು ಅದರ ಜಾಗದಲ್ಲಿಟ್ಟು ಇವನೇ ನೀನು ಎಂದು ನಾರ್ಮನ್‌ಗೆ ತೋರಿಸಿದ. ನಾರ್ಮನ್ ಅದನ್ನು ಎತ್ತಿ ತೂಕ ನೋಡಿ ಒಪ್ಪಿಕೊಂಡ.

ನಿಂಬೆಹಣ್ಣು ಹೊರಟಿತು. ಇವತ್ತು ಸಿರಿಲ್‌ನ ಕೈಗೆ ಯಾವ ಹೆದರಿಕೆಯೂ ಇರಲಿಲ್ಲವೋ ಏನೋ, ಅದು ನೇರ ಉಪ್ಪಿನ ಡಬ್ಬಿಯ ಕಡೆಗೇ ಉರುಳಿತು. ತಾಗಲು ಇನ್ನೇನು ಕೂದಲೆಳೆ ಇದೆ ಅನ್ನುವಾಗ ಸಲಿಕೆಯಂಥ ಕೈಯೊಂದು ಬಂದು, ಡಬ್ಬಿಯನ್ನು ಪಕ್ಕಕ್ಕೆ ದಬ್ಬಿ ಬೀಳಿಸಿತು. ಮುಚ್ಚಳ ಹಾರಿ ಉಪ್ಪೆಲ್ಲ ಟೇಬಲ್ ಮೇಲೆ ಚೆಲ್ಲಿತು. ಹಣ್ಣು ಆ ಬಿಳಿಯ ನಡುವೆ ದಾರಿ ಮಾಡಿಕೊಂಡು ಲೋಟದೊಳಗೆ ಹೋಗಿ ಠಣ್ ಎಂದಿತು.

"ಜಾರಿ ಬಿದ್ದೆ," ಎಂದ ನಾರ್ಮನ್. "ಕೆಸರು."

ಸಿರಿಲ್ ಅಜ್ಜಿಯ ಮುಖ ನೋಡಿದ. ನಾರ್ಮನ್ ಕೂಡ ಅವಳತ್ತಲೇ ನೋಡಿದ. ಜಯಮ್ಮ ಚೆಲ್ಲಿದ ಉಪ್ಪನ್ನು ಅಂಗೈಯಿಂದ ಒಂದು ಕಡೆ ಬಳಿದು, ಡಬ್ಬಿಗೆ ತುಂಬಿ, ಮುಚ್ಚಳ ಒತ್ತಿ, ಮತ್ತೆ ನೆಟ್ಟಗೆ ನಿಲ್ಲಿಸಿದಳು.

"ಹ್ಞೂಂ," ಎಂದಳು. "ಆಮೇಲೆ?"